ಅರ್ಜಿ ಕೊಟ್ಟರೂ ಯಾರೂ ಕೇಳುತ್ತಿಲ್ಲವೇ? ಎಸಿ (ಉಪವಿಭಾಗಾಧಿಕಾರಿ) ಕೋರ್ಟಿಗೆ ಹೀಗೆ ಹೋಗಿ

ಮನೆ ಪಕ್ಕದ ಖಾಲಿ ಸೈಟಿಗೆ ಯಾರೋ ಕಸ ತಂದು ಸುರಿಯುತ್ತಾರೆ, ರಾತ್ರಿಯಾದರೆ ಅದಕ್ಕೆ ಬೆಂಕಿ ಇಡುತ್ತಾರೆ. ಕಿಟಕಿ ಮುಚ್ಚಿದರೂ ಹೊಗೆ ಒಳಗೆ ಬರುತ್ತದೆ, ಮಗು ಕೆಮ್ಮುತ್ತಲೇ ಇರುತ್ತದೆ. ನಗರಸಭೆಗೆ ಹತ್ತು ಸಲ ಫೋನ್ ಮಾಡಿದ್ದೀರಿ. ‘ನೋಡ್ತೀವಿ’ ಅಂತಾರೆ, ಯಾರೂ ಬರುವುದಿಲ್ಲ. ಇಲ್ಲಿಗೆ ಬೇಸತ್ತು ಕೈಬಿಡುವವರೇ ಜಾಸ್ತಿ. ದಯವಿಟ್ಟು ಕೈಬಿಡಬೇಡಿ.

ಮೊದಲು ಫೋನ್ ಬಿಟ್ಟು ಕಾಗದ ಹಿಡಿಯಿರಿ. ಅರ್ಜಿಯ ಎರಡು ಪ್ರತಿ ಮಾಡಿ, ಒಂದನ್ನು ಟಪಾಲು ವಿಭಾಗಕ್ಕೆ ಕೊಟ್ಟು ಇನ್ನೊಂದರ ಮೇಲೆ ತಾರೀಖಿನ ಸಮೇತ ಸೀಲು ಹಾಕಿಸಿಕೊಳ್ಳಿ. ‘ಇಟ್ಟು ಹೋಗಿ’ ಅಂದರೆ ಸುಮ್ನೆ ಇಟ್ಟು ಬರಬೇಡಿ. ಸೀಲು ಹಾಕಲಿಲ್ಲವೇ, ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ ರಸೀದಿ ಇಟ್ಟುಕೊಳ್ಳಿ. ಮುಂದೆ ಯಾವ ಕೋರ್ಟಿಗೆ ಹೋದರೂ ನಿಮ್ಮ ಕೈ ಹಿಡಿಯುವುದು ಈ ಸೀಲೇ.

ಒಬ್ಬರೇ ಸಹಿ ಹಾಕಬೇಡಿ. ತೊಂದರೆ ನಿಮ್ಮೊಬ್ಬರ ಮನೆಗೆ ಮಾತ್ರ ಅಂತಾದರೆ ಅದು ಕಾನೂನಿನ ಲೆಕ್ಕದಲ್ಲಿ ಸಾರ್ವಜನಿಕ ಉಪದ್ರವ (ಹಲವರಿಗೆ ಆಗುವ ತೊಂದರೆ) ಅನ್ನಿಸಿಕೊಳ್ಳುವುದಿಲ್ಲ, ಹಾಗಾಗಿ ಬೀದಿಯ ನಾಲ್ಕೈದು ಮನೆಯವರ ಸಹಿಯಾದರೂ ಇರಲಿ. ಜೊತೆಗೆ ಒಂದು ನೋಟ್‌ಬುಕ್ಕಿನಲ್ಲಿ ಬೆಂಕಿ ಬಿದ್ದ ದಿನ, ಗಂಟೆ ಬರೆದಿಡಿ, ಫೋಟೊ ತೆಗೆಯಿರಿ. ತಿಂಗಳು ಕಳೆದರೂ ಕದಲಿಲ್ಲವೆಂದರೆ ‘ನನ್ನ ಅರ್ಜಿ ಮೇಲೆ ಏನು ಕ್ರಮ ತೆಗೆದುಕೊಂಡಿದ್ದೀರಿ’ ಎಂದು ಮಾಹಿತಿ ಹಕ್ಕಿನಲ್ಲಿ ಕೇಳಿ. 30 ದಿನದೊಳಗೆ ಉತ್ತರ ಕೊಡಬೇಕು. ‘ಏನೂ ಮಾಡಿಲ್ಲ’ ಅನ್ನುವುದು ಅವರದ್ದೇ ಕಾಗದದಲ್ಲಿ ಬಂದರೆ ಅದಕ್ಕಿಂತ ಗಟ್ಟಿ ದಾಖಲೆ ಬೇಕಾ?

ಈಗ ಮುಖ್ಯ ಹೆಜ್ಜೆ. ತುಂಬಾ ಜನಕ್ಕೆ ಇದು ಗೊತ್ತೇ ಇಲ್ಲ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 152ನೇ ಸೆಕ್ಷನ್ (ಹಳೆಯ ಅಪರಾಧ ಪ್ರಕ್ರಿಯಾ ಸಂಹಿತೆ, ಅಂದರೆ ಸಿಆರ್‌ಪಿಸಿಯ 133) ಪ್ರಕಾರ ಇಂಥ ಉಪದ್ರವ ತೆಗೆಸುವ ಅಧಿಕಾರ ಉಪವಿಭಾಗದ ಮ್ಯಾಜಿಸ್ಟ್ರೇಟರಿಗೆ, ಅಂದರೆ ನಮ್ಮ ಎಸಿಯವರಿಗೆ ಇದೆ. ಪೊಲೀಸರ ವರದಿಗೇ ಕಾಯಬೇಕೆಂದಿಲ್ಲ, ನೀವೇ ಅರ್ಜಿ ಕೊಡಬಹುದು. ಸೀಲು ಬಿದ್ದ ಪ್ರತಿ, ಫೋಟೊ, ಅಕ್ಕಪಕ್ಕದವರ ಸಹಿ ಎಲ್ಲವನ್ನೂ ಲಗತ್ತಿಸಿ. ಇಷ್ಟು ದಿನದೊಳಗೆ ತೆರವು ಮಾಡಿ, ಇಲ್ಲವೇ ಬಂದು ಕಾರಣ ಹೇಳಿ ಎಂದು ಅವರು ಷರತ್ತಿನ ಆದೇಶ ಮಾಡಬಹುದು. ಎದುರಿನವರು ತಕರಾರು ಎತ್ತಿದರೆ ವಿಚಾರಣೆ ನಡೆಯುತ್ತದೆ, ಅದನ್ನು 90 ದಿನದಲ್ಲಿ, ಹೆಚ್ಚೆಂದರೆ 120 ದಿನದಲ್ಲಿ ಮುಗಿಸಬೇಕು ಎಂದು ಹೊಸ ಕಾನೂನು ಹೇಳುತ್ತದೆ.

‘ನಮ್ಮ ಹತ್ತಿರ ಹಣ ಇಲ್ಲ’ ಅಂತ ನಗರಸಭೆ ಕೈಯೆತ್ತಿದರೆ? ಮಧ್ಯಪ್ರದೇಶದ ರತ್ಲಾಮ್‌ನಲ್ಲಿ ಇದೇ ಆಯಿತು. ತೆರೆದ ಚರಂಡಿಯ ನಾತ ತಾಳಲಾರದೆ ಅಲ್ಲಿನ ಜನ ಇದೇ ಸೆಕ್ಷನ್ ಹಿಡಿದು ಮ್ಯಾಜಿಸ್ಟ್ರೇಟರ ಬಳಿ ಹೋದರು. ಪುರಸಭೆ ಸುಪ್ರೀಂ ಕೋರ್ಟಿನವರೆಗೂ ಹೋಗಿ ದುಡ್ಡಿಲ್ಲ ಎಂದಿತು. 1980ರಲ್ಲಿ ಕೋರ್ಟ್ ಆ ನೆಪ ಒಪ್ಪಲಿಲ್ಲ. ನಿಮ್ಮ ಅರ್ಜಿಯಲ್ಲಿ ಈ ತೀರ್ಪಿನ ಹೆಸರು ತಪ್ಪದೆ ಬರೆಯಿರಿ: ಮುನಿಸಿಪಲ್ ಕೌನ್ಸಿಲ್ ರತ್ಲಾಮ್ ವಿರುದ್ಧ ವರ್ದಿಚಂದ್.

ಎಸಿ ಕಚೇರಿಯೂ ಕದಲದಿದ್ದರೆ ವಕೀಲರನ್ನು ಹಿಡಿಯಿರಿ. ಸಿವಿಲ್ ಕೋರ್ಟಿನ ಅನುಮತಿ ಪಡೆದು ಇಬ್ಬರೋ ಹೆಚ್ಚು ಜನವೋ ಸೇರಿ ದಾವೆ ಹೂಡಬಹುದು (ಸಿವಿಲ್ ಪ್ರಕ್ರಿಯಾ ಸಂಹಿತೆ, ಅಂದರೆ ಸಿಪಿಸಿ, ಸೆಕ್ಷನ್ 91). ಹೈಕೋರ್ಟಿನಲ್ಲಿ ಸಂವಿಧಾನದ 226ನೇ ವಿಧಿಯಡಿ ರಿಟ್ ಹಾಕಿ ‘ಅಧಿಕಾರಿಗೆ ಅವರ ಕರ್ತವ್ಯ ಮಾಡಲು ಹೇಳಿ’ ಎಂದು ಕೇಳಬಹುದು, ಅಲ್ಲಿ ಮೊದಲು ಕೇಳುವುದು ‘ಮನವಿ ಕೊಟ್ಟಿದ್ದೀರಾ’ ಅಂತಲೇ. ಹೊಗೆ, ಕೊಳಚೆ ನೀರಿನಂಥ ವಿಷಯಕ್ಕೆ ಹಸಿರು ನ್ಯಾಯಮಂಡಳಿ ಇದೆ, ಆದರೆ ಅಲ್ಲಿ ಅರ್ಜಿ ಹಾಕಲು ಸಾಮಾನ್ಯವಾಗಿ ಆರು ತಿಂಗಳ ಗಡುವು. ತಡ ಮಾಡಬೇಡಿ.

ಎಸಿ ಆದೇಶ ಅಂತಿಮವಾದ ಮೇಲೂ ಕಸ ತೆಗೆಯದಿದ್ದರೆ ಅದೇ ಕೇಸಿನ ನಂಬರು ಹಾಕಿ ಮತ್ತೆ ಅರ್ಜಿ ಕೊಡಿ. ಮ್ಯಾಜಿಸ್ಟ್ರೇಟರು ತಾವೇ ತೆರವು ಮಾಡಿಸಿ, ಖರ್ಚನ್ನು ಹೊಣೆಗಾರರಿಂದ ವಸೂಲಿ ಮಾಡಬಹುದು.