ಕೊಳಗದ ಕುಂಕುಮ ತೊಳೆದ ಮೇಲೆ

ಹಾಸನ ಜಿಲ್ಲೆಯ ಒಂದು ಸಣ್ಣ ಊರಿನ ಕಾಲೇಜಿನಲ್ಲಿ ನಾನು ಇತಿಹಾಸ ಪಾಠ ಮಾಡುತ್ತೇನೆ. ಅಲ್ಲೇ ಹಳೆ ಲ್ಯಾಬಿನ ಕೋಣೆಯಲ್ಲಿ ನಮ್ಮದೊಂದು ಪುಟ್ಟ ವಸ್ತುಸಂಗ್ರಹಾಲಯ ಇದೆ. 2014ರಲ್ಲಿ ಶುರು ಮಾಡಿದೆವು. ಅಟ್ಟದ ಮೇಲೆ ಬಿದ್ದಿರುವ ಹಳೆ ಸಾಮಾನು ಇದ್ದರೆ ತನ್ನಿ ಅಂತ ಮಕ್ಕಳಿಗೆ ಹೇಳಿದೆ. ಎರಡು ವರ್ಷದಲ್ಲಿ ಕೋಣೆ ತುಂಬಿತು. ರಾಗಿಕಲ್ಲು, ಒನಕೆ, ಕಡಗೋಲು, ಅಳಗುಳಿಮಣೆ, ಕಪಿಲೆಯ ಬಾನಿ, ಲಾಟೀನು, ಅಡಿಕೆ ಕತ್ತರಿ. ಸಂತೋಷ ಆಯಿತು. ಆದರೆ ತುಂಬಿದ ಕೋಣೆ ಇನ್ನೂ ಸಂಗ್ರಹಾಲಯ ಆಗಿರಲಿಲ್ಲ. ಅದು ನನಗೆ ಗೊತ್ತಾದದ್ದು ಕಾಳು ಅಳೆಯುವ ಒಂದು ಕೊಳಗದಿಂದ.

ಹಿತ್ತಾಳೆಯ ಆ ಕೊಳಗವನ್ನು ಒಬ್ಬ ಹುಡುಗಿ ತನ್ನ ಅಜ್ಜಿಯ ಮನೆಯಿಂದ ತಂದಿದ್ದಳು. ಕಪ್ಪಾಗಿತ್ತು. ಕಂಠದ ಹತ್ತಿರ ಏನೋ ಮೆತ್ತಿಕೊಂಡಿತ್ತು. ಪ್ರದರ್ಶನಕ್ಕೆ ಚೆನ್ನಾಗಿ ಕಾಣಲಿ ಅಂತ ನಾವೆಲ್ಲ ಕೂತು ಹುಣಸೆಹಣ್ಣು ಹಾಕಿ ಉಜ್ಜಿದೆವು. ಫಳಫಳ ಹೊಳೆಯಿತು. ವಾರ್ಷಿಕೋತ್ಸವದ ದಿನ ಆ ಅಜ್ಜಿ ಬಂದರು. ಕೊಳಗವನ್ನು ಕೈಗೆ ತೆಗೆದುಕೊಂಡು ತಿರುಗಿಸಿ ತಿರುಗಿಸಿ ನೋಡಿದರು.

"ಮೇಷ್ಟ್ರೇ, ಇದರ ಕುಂಕುಮ ಎಲ್ಲಿ ಹೋಯ್ತು?"

ಪ್ರತಿ ವರ್ಷ ಕಣದಲ್ಲಿ ರಾಶಿ ಪೂಜೆಯ ದಿನ ಆ ಕೊಳಗಕ್ಕೆ ಅರಿಶಿನ ಕುಂಕುಮ ಹಚ್ಚುತ್ತಿದ್ದರಂತೆ. ಅವರ ಅತ್ತೆಯ ಕಾಲದಿಂದ ಅದನ್ನು ತೊಳೆದಿರಲಿಲ್ಲವಂತೆ. ಒಂದರ ಮೇಲೊಂದು ಕೂತ ಆ ಪದರದಲ್ಲಿ ಎಷ್ಟೋ ಸುಗ್ಗಿಗಳ ಗುರುತು ಇತ್ತು. ಕೊಳೆ ಅಂದುಕೊಂಡು ಅದನ್ನು ಒಂದು ಮಧ್ಯಾಹ್ನದಲ್ಲಿ ತೆಗೆದುಹಾಕಿದ್ದೆವು. ಅಜ್ಜಿ ಬೈಯಲಿಲ್ಲ. ಬೈದಿದ್ದರೆ ನನಗೆ ಸ್ವಲ್ಪ ಹಗುರ ಆಗುತ್ತಿತ್ತೇನೋ.

ಆಮೇಲೆ ಅವರ ಪಕ್ಕ ಕೂತು ಕೇಳಿದೆ. ರಾಗಿ ಅಳೆಯುವಾಗ ಮೊದಲ ಕೊಳಗಕ್ಕೆ 'ಒಂದು' ಅನ್ನುತ್ತಿರಲಿಲ್ಲ, 'ಲಾಭ' ಅನ್ನುತ್ತಿದ್ದರು ಅಂತ ಹೇಳಿದರು. ಲಾಭ, ಎರಡು, ಮೂರು. ಇಪ್ಪತ್ತು ಕೊಳಗ ಆದರೆ ಒಂದು ಖಂಡುಗ. ಅಳೆಯುವವರು ಪೂರ್ವಕ್ಕೆ ಮುಖ ಮಾಡಿ ಕೂರುತ್ತಿದ್ದರಂತೆ. ಇದನ್ನೆಲ್ಲ ಬರೆದುಕೊಂಡೆ. ನಾವು ಹಾಕಿದ್ದ ಚೀಟಿಯಲ್ಲಿ ಇದ್ದದ್ದು ನಾಲ್ಕೇ ಪದ: 'ಕೊಳಗ. ಹಿತ್ತಾಳೆ. 19ನೇ ಶತಮಾನ.' ಆ ಶತಮಾನ ನನಗೆ ಹೇಗೆ ಗೊತ್ತಿತ್ತು? ಗೊತ್ತೇ ಇರಲಿಲ್ಲ. ಹಳೆಯದು ಅನ್ನಿಸಿತು, ಸುಮ್ನೆ ಬರೆದಿದ್ದೆ.

ಅಂದಿನಿಂದ ಕೆಲಸವನ್ನು ಮೊದಲಿಂದ ಶುರು ಮಾಡಿದೆವು.

ಮೊದಲು ಬೇಕಾದದ್ದು ಒಂದು ದಪ್ಪ ಬೈಂಡಿನ ರಿಜಿಸ್ಟರ್. ಕಂಪ್ಯೂಟರ್ ಆಮೇಲೆ. ಒಳಗೆ ಬಂದ ಪ್ರತಿ ವಸ್ತುವಿಗೂ ಒಂದು ಸಂಖ್ಯೆ. ದೊಡ್ಡ ಸಂಗ್ರಹಾಲಯಗಳಲ್ಲಿ ಬಳಸುವ ಮೂರು ಭಾಗದ ಸಂಖ್ಯೆಯನ್ನೇ ನಾವೂ ಹಿಡಿದೆವು. 2016.3.2 ಅಂದರೆ 2016ರಲ್ಲಿ, ಆ ವರ್ಷದ ಮೂರನೇ ಮನೆಯಿಂದ ಬಂದ ಎರಡನೇ ವಸ್ತು. ಈ ಸಂಖ್ಯೆಯಲ್ಲಿ ಮರ, ಕಬ್ಬಿಣ, ಅಡುಗೆ, ಬೇಸಾಯ ಏನೂ ಇಲ್ಲ, ನೋಡಿ. ಬೇಕಂತಲೇ ಇಲ್ಲ. ವರ್ಗ ನಾಳೆ ಬದಲಾಗಬಹುದು. ಯಾವಾಗ ಬಂತು, ಯಾರ ಮನೆಯಿಂದ ಬಂತು ಅನ್ನುವುದು ಬದಲಾಗುವುದಿಲ್ಲ. ವಸ್ತು ಕಳೆದುಹೋದರೂ ಒಡೆದುಹೋದರೂ ಅದರ ಸಂಖ್ಯೆಯನ್ನು ಇನ್ನೊಂದಕ್ಕೆ ಕೊಡಬಾರದು.

ಸಂಖ್ಯೆ ಬರೆಯುವುದೂ ಒಂದು ಕೆಲಸವೇ. ಮೊದಲು ಮಾರ್ಕರ್ ಪೆನ್ನಿನಲ್ಲಿ ನೇರವಾಗಿ ಬರೆದಿದ್ದೆವು. ಮರಕ್ಕೆ ಇಳಿದ ಶಾಯಿ ಇವತ್ತಿಗೂ ಹೋಗಿಲ್ಲ. ಈಗ ಲೋಹಕ್ಕೆ, ಕಲ್ಲಿಗೆ ಪ್ಯಾರಲಾಯ್ಡ್ ಬಿ-72 ಅನ್ನುವ ಅಂಟನ್ನು ತೆಳ್ಳಗೆ ಒಂದು ಪಟ್ಟಿ ಹಚ್ಚುತ್ತೇವೆ. ಅದು ಒಣಗಿದ ಮೇಲೆ ಸಂಖ್ಯೆ. ಅದರ ಮೇಲೆ ಇನ್ನೊಂದು ಪದರ. ಬೇಡ ಅನ್ನಿಸಿದರೆ ಅಸಿಟೋನ್‌ನಲ್ಲಿ ಒರೆಸಿ ತೆಗೆಯಬಹುದು, ವಸ್ತುವಿಗೆ ಏನೂ ಆಗುವುದಿಲ್ಲ. ಕಂಬಳಿಗೆ, ಸೀರೆಗೆ ಹತ್ತಿಯ ಪಟ್ಟಿಯ ಮೇಲೆ ಬರೆದು ಅಂಚಿಗೆ ಎರಡು ಹೊಲಿಗೆ. ಮೊರಕ್ಕೆ, ಮಂಕರಿಗೆ ದಾರದಲ್ಲಿ ಕಟ್ಟಿದ ಚೀಟಿ. ಎಲ್ಲವೂ ಎದುರಿಗೆ ಕಾಣದ ಜಾಗದಲ್ಲಿ.

ವರ್ಗೀಕರಣದಲ್ಲಿ ನಾವು ಜಾಸ್ತಿ ಎಡವಿದ್ದು. ಶುರುವಿನಲ್ಲಿ ಸುಲಭ ಅಂತ ಯಾವುದರಿಂದ ಮಾಡಿದ್ದು ಅನ್ನುವುದರ ಮೇಲೆ ಹಂಚಿದ್ದೆವು. ಮರದ್ದು ಒಂದು ಕಡೆ, ಕಬ್ಬಿಣದ್ದು ಒಂದು ಕಡೆ, ಬಿದಿರು, ಕಲ್ಲು, ಮಣ್ಣು, ಹಿತ್ತಾಳೆ. ಒಂದು ದಿನ ಮಗನ ಟಿಸಿ ತೆಗೆದುಕೊಳ್ಳಲು ಬಂದಿದ್ದ ರೈತರೊಬ್ಬರು ಕೋಣೆಗೆ ಬಂದರು. ಮರದ ಸಾಮಾನಿನ ಕಪಾಟಿನಲ್ಲಿ ತೂತುಗಳಿರುವ ಒಂದು ಬಟ್ಟಲು ಇತ್ತು. 'ಮರದ ಪಾತ್ರೆ' ಅಂತ ಬರೆದಿದ್ದೆವು. ಅವರು ಅದನ್ನು ನೋಡಿದರು. ಬಿದಿರಿನ ಕಪಾಟಿನ ಕಡೆ ನೋಡಿದರು. ಆಮೇಲೆ ಕಬ್ಬಿಣದ ಕಡೆ.

"ಸಾರ್, ಇದು ಪಾತ್ರೆ ಅಲ್ಲ. ಕೂರಿಗೆ ಇದು. ಬಿಚ್ಚಿ ಮೂರು ಕಡೆ ಇಟ್ಟಿದ್ದೀರಿ."

ಬೀಜ ಹಾಕುವ ಬಟ್ಟಲು ಮರದ ಕಪಾಟಿನಲ್ಲಿ, ಬೀಜ ಇಳಿಯುವ ಕೊಳವೆಗಳು ಬಿದಿರಿನ ಕಪಾಟಿನಲ್ಲಿ, ಮಣ್ಣು ಸೀಳುವ ಮೊನೆಗಳು ಕಬ್ಬಿಣದ ಕಪಾಟಿನಲ್ಲಿ. ಮೂರೂ ಬೇರೆ ಬೇರೆ ದಿನ ಒಂದೇ ಮನೆಯಿಂದ ಬಂದಿದ್ದವು. ಅವರೇ ನೆಲದ ಮೇಲೆ ಕೂತು ಜೋಡಿಸಿ ತೋರಿಸಿದರು. ಬಟ್ಟಲಿಗೆ ಕೈಯಿಂದ ರಾಗಿ ಬಿಡುವುದು ಹೇಗೆ, ಹೆಬ್ಬೆರಳು ಹೇಗೆ ಆಡಬೇಕು ಅಂತ ಬರಿಗೈಯಲ್ಲಿ ಮಾಡಿ ತೋರಿಸಿದರು. ಒಬ್ಬ ಹುಡುಗ ಅದನ್ನು ಫೋನಿನಲ್ಲಿ ವಿಡಿಯೋ ತೆಗೆದ. ನಮ್ಮ ಸಂಗ್ರಹದಲ್ಲಿ ಆ ವಿಡಿಯೋಗೂ ಒಂದು ಸಂಖ್ಯೆ ಇದೆ.

ಆಮೇಲೆ ಕಪಾಟು ಪೂರ್ತಿ ಖಾಲಿ ಮಾಡಿ, ವಸ್ತು ಯಾವ ಕೆಲಸಕ್ಕೆ ಹುಟ್ಟಿತು ಅನ್ನುವುದರ ಮೇಲೆ ಮತ್ತೆ ಹಂಚಿದೆವು. ಬೇಸಾಯ, ಅಡುಗೆ, ಅಳತೆ, ದನಕರು, ಆಟ, ಪೂಜೆ, ಹೀಗೆ. ಇದರಲ್ಲೂ ತಕರಾರು ಬರುತ್ತದೆ. ನಮ್ಮ ಕೊಳಗ ಅಳತೆಗೋ ಪೂಜೆಗೋ? ಬೆಂಗಳೂರಿನ ಕಸ್ತೂರ ಬಾ ರಸ್ತೆಯ ಸರ್ಕಾರಿ ಸಂಗ್ರಹಾಲಯಕ್ಕೆ ಹೋದಾಗ ಆತಕೂರಿನ ಕಲ್ಲಿನ ಮುಂದೆ ಬಹಳ ಹೊತ್ತು ಇದೇ ಯೋಚನೆಯಲ್ಲಿ ನಿಂತಿದ್ದೆ. 10ನೇ ಶತಮಾನದ್ದು. ಮದ್ದೂರು ತಾಲ್ಲೂಕಿನ ಆತಕೂರಿನಿಂದ ಬಂದದ್ದು. ಅದು ಹೇಳುವ ಕಥೆ ಇದು: ಚೋಳರ ಮೇಲಿನ ತಕ್ಕೋಲದ ಯುದ್ಧದಲ್ಲಿ ಗೆದ್ದ ಮಣಲೆರ ಅನ್ನುವ ವೀರ ತನ್ನ ಒಡೆಯ, ಗಂಗರ ದೊರೆ ಬೂತುಗನಿಂದ ಕಾಳಿ ಅನ್ನುವ ನಾಯಿಯನ್ನು ಕೇಳಿ ಪಡೆಯುತ್ತಾನೆ. ಆ ನಾಯಿ ಕಾಡುಹಂದಿಯ ಜೊತೆ ಹೋರಾಡಿ ಸಾಯುತ್ತದೆ, ಹಂದಿಯೂ ಸಾಯುತ್ತದೆ. ಕಲ್ಲಿನ ಮೇಲೆ ನಾಯಿ ಮತ್ತು ಹಂದಿ, ಸುತ್ತಲೂ ಅಕ್ಷರ. ಅದು ಶಾಸನವೋ, ಶಿಲ್ಪವೋ, ಸ್ಮಾರಕವೋ? ಮೂರೂ ಹೌದು. ಕಲ್ಲು ಮಾತ್ರ ಒಂದೇ ಕಡೆ ನಿಲ್ಲಬೇಕು. ಊರಿಗೆ ಬಂದು, ಪ್ರತಿ ವಸ್ತುವಿನ ವಿವರ ಬರೆಯುವ ನಮ್ಮ ಕಾರ್ಡಿನಲ್ಲಿ 'ಇದನ್ನೂ ನೋಡಿ' ಅಂತ ಒಂದು ಸಾಲು ಸೇರಿಸಿದೆ. ಕೊಳಗ ಅಳತೆಯ ಕಪಾಟಿನಲ್ಲೇ ಇದೆ. ಪೂಜೆಯ ಪಟ್ಟಿಯಲ್ಲಿ ಅದರ ಸಂಖ್ಯೆ ಬರೆದಿದೆ.

ಹೆಸರಿಗೂ ಎರಡು ಕಾಲಂ ಮಾಡಿದ್ದೇವೆ. ಒಂದು ಎಲ್ಲರಿಗೂ ತಿಳಿಯುವ ಹೆಸರು. ಇನ್ನೊಂದು ಕೊಟ್ಟವರು ಕರೆದ ಹೆಸರು. ಹದಿನಾಲ್ಕು ಗುಳಿಯ ಮಣೆಗೆ ನಮ್ಮ ಕಡೆ ಅಳಗುಳಿಮಣೆ ಅನ್ನುತ್ತಾರೆ, ಮಂಗಳೂರಿನ ಕಡೆಯಿಂದ ಬಂದ ಮೇಡಂ ಚೆನ್ನೆಮಣೆ ಅಂದರು. ಕುಕ್ಕೆ ಅಂದರೆ ಒಬ್ಬರಿಗೆ ಬುಟ್ಟಿ, ಇನ್ನೊಬ್ಬರಿಗೆ ಒಕ್ಕಣೆಯ ಎತ್ತಿನ ಬಾಯಿಗೆ ಕಟ್ಟುವುದು. ಎರಡನೇ ಕಾಲಂ ತುಂಬದೆ ವಸ್ತುವನ್ನು ಒಳಗೆ ತೆಗೆದುಕೊಳ್ಳಬಾರದು ಅನ್ನುವುದು ನನ್ನ ಹಟ. ಮಕ್ಕಳಿಗೆ ಕಿರಿಕಿರಿ ಆಗುತ್ತದೆ. ಆದರೆ ಆ ಹೆಸರು ಹೇಳುವವರು ಇನ್ನು ಎಷ್ಟು ವರ್ಷ ಇರುತ್ತಾರೆ? ಕಬ್ಬಿಣಕ್ಕೆ ತುಕ್ಕು ಹಿಡಿಯುವುದಕ್ಕಿಂತ ಬೇಗ ಮಾತು ಹೋಗುತ್ತಿದೆ.

ಕೊಡುಗೆ ಪತ್ರದ ಬಗ್ಗೆ ಒಂದು ಮಾತು. ಒಬ್ಬರ ತಂದೆ ಕೊಟ್ಟಿದ್ದ ದೀಪವನ್ನು ಮಗ ಬಂದು ವಾಪಸ್ ಕೇಳಿದರು. ನಮ್ಮ ಹತ್ತಿರ ಕಾಗದ ಇರಲಿಲ್ಲ, ಕೊಟ್ಟೆವು. ಈಗ ಕೊಡುಗೆಯೋ, ಕೆಲ ದಿನಕ್ಕೆ ಮಾತ್ರವೋ ಅಂತ ಬರೆಸಿ ಸಹಿ ಹಾಕಿಸುತ್ತೇವೆ. ಊರ ಜಾತ್ರೆಯಲ್ಲಿ ಇನ್ನೂ ಊದುವ ಕೊಂಬನ್ನು ಕೊಡಲು ಬಂದಾಗ ನಾವೇ ಬೇಡ ಅಂದೆವು. ಫೋಟೋ ತೆಗೆದು, ವಿವರ ಬರೆದು, ಅಲ್ಲೇ ಇರಲಿ ಅಂದೆವು.

ಮೊರ, ಬುಟ್ಟಿಗಳಿಗೆ ಕುಟ್ಟೆ ಹುಳ ಬಂದಾಗ ಗಾಬರಿ ಆಗಿತ್ತು. ಕೆಳಗೆಲ್ಲ ಹಿಟ್ಟಿನಂಥ ಪುಡಿ. ಔಷಧಿ ಹೊಡೆಯಲಿಲ್ಲ. ಪ್ಲಾಸ್ಟಿಕ್‌ನಲ್ಲಿ ಗಾಳಿ ಆಡದಂತೆ ಸುತ್ತಿ, ಐಸ್‌ಕ್ರೀಮ್ ಅಂಗಡಿಯವರ ಡೀಪ್ ಫ್ರೀಜರ್‌ನಲ್ಲಿ ಎರಡು ವಾರ ಇಟ್ಟೆವು. ಹೊರಗೆ ತೆಗೆದ ಮೇಲೆ ಒಂದು ದಿನ ಪೂರ್ತಿ ಬಿಚ್ಚಬಾರದು. ಬಿಚ್ಚಿದರೆ ತಣ್ಣಗಿರುವ ವಸ್ತುವಿನ ಮೇಲೆ ನೀರು ಕೂರುತ್ತದೆ. ಹುಳ ಮತ್ತೆ ಬರಲಿಲ್ಲ.

ಇನ್ನು ಇಡುವ ರೀತಿ. ಮೈಸೂರಿನ ಜಯಲಕ್ಷ್ಮಿ ವಿಲಾಸದ ಜಾನಪದ ಸಂಗ್ರಹಾಲಯವನ್ನೂ ರಾಮನಗರದ ಹತ್ತಿರ ಎಚ್.ಎಲ್. ನಾಗೇಗೌಡರು ಕಟ್ಟಿದ ಜಾನಪದ ಲೋಕವನ್ನೂ ಮಕ್ಕಳ ಜೊತೆ ನೋಡಿ ಬಂದಿದ್ದೆ. ಆಕ್ಸ್‌ಫರ್ಡ್‌ನ ಪಿಟ್ ರಿವರ್ಸ್ ಸಂಗ್ರಹಾಲಯದಲ್ಲಿ ಯಾವ ದೇಶದ್ದಾದರೂ ಒಂದೇ ಬಗೆಯ ವಸ್ತುಗಳನ್ನು ಒಟ್ಟಿಗೆ ಇಡುತ್ತಾರೆ ಅಂತ ಓದಿದ್ದೆ. ಹಾಗೆ ನಮ್ಮ ಮೊರಗಳನ್ನೆಲ್ಲ ಒಂದು ಗೋಡೆಗೆ ನೇತು ಹಾಕಿ ನೋಡಿದೆ. ಚೆಂದ ಕಂಡಿತು. ಆದರೆ ಮಕ್ಕಳು ಒಂದು ಸುತ್ತು ಬಂದು ಹೊರಗೆ ಹೋಗುತ್ತಿದ್ದರು. ಕೊನೆಗೆ ಒಬ್ಬ ವಿದ್ಯಾರ್ಥಿನಿಯೇ ದಾರಿ ಹೇಳಿದಳು: "ಸಾರ್, ರಾಗಿ ಹೋದ ದಾರಿಯಲ್ಲೇ ಇಡೋಣ."

ಬಾಗಿಲಲ್ಲಿ ಕೂರಿಗೆ. ಆಮೇಲೆ ಕುಂಟೆ, ಕುಡುಗೋಲು, ಕಣದ ಗುಂಡು, ಮೊರ, ಒಂದರಿ, ಕೊಳಗ. ಹಗೇವನ್ನು ಕೋಣೆಗೆ ತರಲು ಆಗುವುದಿಲ್ಲ, ಅದು ರಾಗಿ ತುಂಬಿಡುವ ನೆಲದೊಳಗಿನ ಗುಂಡಿ. ಅದಕ್ಕೆ ನೆಲದ ಮೇಲೆ ಅದರ ಬಾಯಿಯ ಅಳತೆಗೆ ಸರಿಯಾಗಿ ಸುಣ್ಣದಲ್ಲಿ ಒಂದು ವೃತ್ತ ಬರೆದೆವು. ಮಕ್ಕಳು ಅದರೊಳಗೆ ನಿಂತು ನೋಡುತ್ತಾರೆ. ಮುಂದೆ ರಾಗಿಕಲ್ಲು, ಕೊನೆಗೆ ಮುದ್ದೆ ಕೋಲು. ಈಗ ಮುದ್ದೆ ಕೋಲಿನ ಹತ್ತಿರ ಬರುವ ಹೊತ್ತಿಗೆ ಎಲ್ಲರೂ ಮಾತಾಡುತ್ತಿರುತ್ತಾರೆ, ನಮ್ಮ ಮನೆಯಲ್ಲಿ ಹೀಗೆ, ನಮ್ಮ ಅಮ್ಮ ಹಾಗೆ ಅಂತ. ರಾಗಿಕಲ್ಲನ್ನು ಮುಟ್ಟಿ ತಿರುಗಿಸಲು ಬಿಟ್ಟಿದ್ದೇವೆ. ಕಂಬಳಿ, ಸೀರೆ ಮಾತ್ರ ಬಿಸಿಲು ಬೀಳದ ಮೂಲೆಯಲ್ಲಿ, ಪರದೆಯ ಹಿಂದೆ.

ಚೀಟಿಗಳನ್ನು ಹೊಸದಾಗಿ ಬರೆದೆವು. ಆಧಾರ ಇಲ್ಲದ ಶತಮಾನಗಳನ್ನು ಹೊಡೆದು ಹಾಕಿದೆವು. ಕೊಳಗದ ಚೀಟಿ ಈಗ ಹೀಗಿದೆ: 'ರಾಗಿ ಅಳೆಯುವ ಕೊಳಗ. ಮೊದಲ ಅಳತೆಗೆ ಲಾಭ ಅನ್ನುತ್ತಿದ್ದರು. ರಾಶಿ ಪೂಜೆಯಲ್ಲಿ ಇದಕ್ಕೆ ಕುಂಕುಮ ಹಚ್ಚುತ್ತಿದ್ದರು. ಆ ಗುರುತನ್ನು ನಾವು ತಿಳಿಯದೆ ತೊಳೆದೆವು.' ಕೊನೆಯ ಸಾಲು ಬೇಡ ಅಂತ ಕೆಲವು ಸಹೋದ್ಯೋಗಿಗಳು ಹೇಳಿದರು. ನಾನು ತೆಗೆಯಲಿಲ್ಲ. ಅದೂ ಆ ಕೊಳಗದ ಕಥೆಯೇ ಅಲ್ವಾ?

ಬಾಗಿಲ ಪಕ್ಕ ಒಂದು ಮೇಜು ಇದೆ. ಏನು ಅಂತ ನಮಗೆ ಗೊತ್ತಿಲ್ಲದ ವಸ್ತುಗಳನ್ನು ಅಲ್ಲಿ ಇಟ್ಟು, 'ಇದರ ಹೆಸರು ಗೊತ್ತಿದ್ದರೆ ಹೇಳಿ' ಅಂತ ಬರೆದಿದ್ದೇವೆ. ಹನ್ನೊಂದು ಇದ್ದವು. ಹೋದ ತಿಂಗಳು ಎತ್ತಿಗೆ ಲಾಳ ಕಟ್ಟುವ ಹಿರಿಯರೊಬ್ಬರು ಮೊಮ್ಮಗಳನ್ನು ಕಾಲೇಜಿಗೆ ಸೇರಿಸಲು ಬಂದರು. ಬಾಗಿದ ಒಂದು ಉಳಿಯನ್ನು ಕೈಗೆತ್ತಿಕೊಂಡು, ಲಾಳ ಹೊಡೆಯುವ ಮೊದಲು ಗೊರಸು ಹೆರೆಯುವುದು ಇದು ಅಂದರು. ಮೊಮ್ಮಗಳೇ ರಿಜಿಸ್ಟರ್ ತೆಗೆದು ಎರಡೂ ಕಾಲಂ ತುಂಬಿದಳು. ಮೇಜಿನ ಮೇಲೆ ಇನ್ನು ಹತ್ತು ಇವೆ.