ಕ್ಯಾಬಿನ್ ಫಿಲ್ಟರ್‌ನ ಬಾಣ ಯಾವ ಕಡೆಗೆ?

ಮಂಗಳೂರಿನ ಮಳೆಗಾಲ. ಕಾರಿಗೆ ಹೊಸ ಕ್ಯಾಬಿನ್ ಫಿಲ್ಟರ್ (ಒಳಗೆ ಬರುವ ಗಾಳಿ ಸೋಸುವ ಫಿಲ್ಟರ್) ಹಾಕಿದ ಮೇಲೂ, ಫ್ಯಾನ್ 4ರಲ್ಲಿ ಇಟ್ಟರೂ ಎಸಿ ಗಾಳಿ ಕಡಿಮೆ, ಹಸಿ ಬಟ್ಟೆಯ ವಾಸನೆ ಬೇರೆ. ಗ್ಯಾಸ್ ತುಂಬಿಸಿದೆ, ಸ್ಪ್ರೇ ಹೊಡೆದೆ. ಸುಮ್ನೆ ಖರ್ಚು.

ಫಿಲ್ಟರ್ ತಿರುಗುಮುರುಗಾಗಿ ಕೂತಿತ್ತು. ಸರಿಮಾಡಿದ್ದು ಹೀಗೆ: ಮೊದಲು ಫ್ಯಾನ್ ಆಫ್, ಇಲ್ಲದಿದ್ದರೆ ಕಸ ಒಳಗೆ ಎಳೆದುಕೊಳ್ಳುತ್ತದೆ. ಮುಂದಿನ ಸೀಟಿನ ಎದುರಿನ ಗ್ಲವ್ ಬಾಕ್ಸ್ ಖಾಲಿ ಮಾಡಿ, ಎರಡೂ ಬದಿ ಒಳಕ್ಕೆ ಒತ್ತಿ ಕೆಳಗಿಳಿಸಿದೆ. ಅದರ ಹಿಂದಿರುವ ಫಿಲ್ಟರ್ ಮುಚ್ಚಳದ ಕ್ಲಿಪ್ ತೆಗೆದು ಫಿಲ್ಟರ್ ನಿಧಾನ ಎಳೆದೆ. ಅಂಚಿನ 'ಏರ್ ಫ್ಲೋ' ಬಾಣ ಗಾಳಿ ಹೋಗುವ ದಿಕ್ಕು ತೋರಿಸುತ್ತದೆ, ಅಂದರೆ ಹೆಚ್ಚಾಗಿ ಫ್ಯಾನ್ ಕಡೆಗೆ. ನನ್ನ ಕಾರಿನಲ್ಲಿ ಫ್ಯಾನ್ ಕೆಳಗಿದೆ, ಹಾಗಾಗಿ ಬಾಣ ಕೆಳಕ್ಕೆ ಮಾಡಿ ಕೂರಿಸಿದೆ. ಎಲ್ಲ ಕಾರಲ್ಲೂ ಹೀಗೇ ಅಲ್ಲ. 'ಅಪ್' ಎಂದು ಬರೆದ ಬಾಣ ಬೇರೆ. ಅದು ಮೇಲ್ಭಾಗದ ಗುರುತು ಮಾತ್ರ. ಅನುಮಾನವಿದ್ದರೆ ಸರಿಯಾಗಿ ಕೂತಿದ್ದ ಹಳೆಯ ಫಿಲ್ಟರ್ ನೋಡಿ: ಎಲೆ, ಧೂಳು ಜಾಸ್ತಿ ಇರುವ ಮುಖವೇ ಗಾಳಿ ಬರುವ ಕಡೆ.

ಆಮೇಲೆ ಎಸಿ ಆಫ್, ಹೊರಗಿನ ಗಾಳಿ ಮೋಡ್, ಫ್ಯಾನ್ 4, ಹತ್ತು ನಿಮಿಷ. ವಾಸನೆ ಹೋಯಿತು.