ತೋನೆ ನದಿಯ ಏರಿ ಮೇಲೆ ಎರಡು ದಿನ

ನಾನಿರುವುದು ಟೋಕಿಯೊದ ಎದೊಗವಾ ವಾರ್ಡಿನಲ್ಲಿ, ನಿಶಿ ಕಸಾಯ್ ಸ್ಟೇಷನ್ ಹತ್ತಿರ. ನಮ್ಮ ದೇಶದವರು ತುಂಬಿಕೊಂಡಿರುವ ಜಾಗ; ತೊಗರಿಬೇಳೆಗೆ, ಕರಿಬೇವಿಗೆ ಪರದಾಡಬೇಕಿಲ್ಲ. 2019ರಲ್ಲಿ ವಾರ್ಡ್ ಕಚೇರಿಯವರು ಮನೆಮನೆಗೂ ಒಂದು ಪ್ರವಾಹ ನಕ್ಷೆ ಹಂಚಿದರು. ಮುಖಪುಟದಲ್ಲಿ ನಮ್ಮ ವಾರ್ಡನ್ನೇ ತೋರಿಸಿ ಬರೆದಿತ್ತು: 'ಇಲ್ಲಿ ಇರಬಾರದು'. ಬಾಡಿಗೆ ಕರಾರು ಮುಂದುವರಿಸಿ ಇನ್ನೂ ತಿಂಗಳಾಗಿತ್ತಷ್ಟೆ! ವಾರ್ಡಿನ ಸುಮಾರು ಶೇ. 70 ಭಾಗ ಉಬ್ಬರದ ಸಮುದ್ರಮಟ್ಟಕ್ಕಿಂತ ಕೆಳಗಿದೆಯಂತೆ. ನೀರು ಬಂದರೆ ಯಾವ ದಾರಿಯಲ್ಲಿ ಬರುತ್ತದೆ ಅಂತ ಕಣ್ಣಾರೆ ನೋಡಿಬಿಡೋಣ ಅಂದುಕೊಂಡು, ವಾರ್ಡಿನ ಪಕ್ಕದ ಎದೊ ನದಿಯ ಏರಿ ಹಿಡಿದು ಮೇಲಕ್ಕೆ ತೋನೆ ನದಿಯತ್ತ ಹೋಗಲು ಸೈಕಲ್ ಹತ್ತಿದೆ.

ಮೊದಲ ಸಲ ಹೊರಟಿದ್ದು ಜನವರಿಯಲ್ಲಿ. ಅದೇ ತಪ್ಪಾಯಿತು. ಚಳಿಗಾಲದಲ್ಲಿ ವಾಯವ್ಯದಿಂದ ಬೀಸುವ ಒಣಗಾಳಿಗೆ ಇಲ್ಲಿ 'ಕರಕ್ಕಜೆ' ಅನ್ನುತ್ತಾರೆ. ಏರಿ ಮೇಲೆ ಒಂದು ಮರವಿಲ್ಲ, ಮರೆಯಿಲ್ಲ. ಸೋಯಾ ಸಾಸ್‌ಗೆ ಹೆಸರಾದ ನೋದಾ ಊರು ಬರುವಷ್ಟರಲ್ಲಿ ಕಾಲು ಸೋತು ವಾಪಸ್ ಬಂದೆ. ಎರಡನೇ ಸಲ ನವೆಂಬರಿನಲ್ಲಿ, ಗಾಳಿ ಏಳುವ ಮುಂಚೆ ಮುಗಿಸೋಣವೆಂದು ಬೆಳಗಿನ ಐದಕ್ಕೇ ಬಿಟ್ಟೆ. ಏರಿ ಉದ್ದಕ್ಕೂ ಸಮುದ್ರದಿಂದ ಎಷ್ಟು ಕಿಲೋಮೀಟರ್ ಅಂತ ಗುರುತು ನೆಟ್ಟಿರುತ್ತಾರೆ. ನಕ್ಷೆಗಿಂತ ಅದನ್ನು ನಂಬಿಕೊಂಡರೆ ಸಾಕು. ಅಂಗಡಿಗಳೆಲ್ಲ ಏರಿಯಿಂದ ಇಳಿದು ಊರೊಳಗೆ ಹೋದರೆ ಮಾತ್ರ ಸಿಗುವುದರಿಂದ ಎರಡು ಬಾಟಲಿ ನೀರು, ನಾಲ್ಕು ಅಕ್ಕಿ ಉಂಡೆ ಇಟ್ಟುಕೊಂಡಿದ್ದೆ.

ಸುಮಾರು 60 ಕಿ.ಮೀ. ತುಳಿದರೆ ಸೆಕಿಯಾದೊ. ತೋನೆಯಿಂದ ಎದೊ ನದಿ ಕವಲೊಡೆಯುವ ಜಾಗ. ತೋನೆಯ ಉದ್ದ 322 ಕಿ.ಮೀ., ಜಪಾನಿನಲ್ಲಿ ಎರಡನೆಯದು. ಜಲಾನಯನ ಪ್ರದೇಶದಲ್ಲಿ ಮಾತ್ರ ಅದೇ ಮೊದಲು, 16,840 ಚದರ ಕಿ.ಮೀ. 'ಬಂದೋ ತಾರೋ' ಅಂತ ಅಡ್ಡಹೆಸರು, ಅಂದರೆ ಬಂದೋ ಸೀಮೆಯ (ಟೋಕಿಯೊ ಸುತ್ತಲಿನ ಬಯಲಿಗೆ ಹಳೇ ಹೆಸರು) ಹಿರಿಮಗ. ಈ ಹಿರಿಮಗನನ್ನೇ ಮನೆಯಿಂದ ಹೊರಹಾಕಿದ್ದಾರೆ! ಹಿಂದೆ ತೋನೆ ದಕ್ಷಿಣಕ್ಕೆ ಹರಿದು ಟೋಕಿಯೊ ಕೊಲ್ಲಿ ಸೇರುತ್ತಿತ್ತು. ಮುಂದೆ ಜಪಾನನ್ನೇ ಆಳಿದ ಟೊಕುಗಾವಾ ಇಯೆಯಾಸು 1590ರಲ್ಲಿ ಎದೊಗೆ, ಅಂದರೆ ಇಂದಿನ ಟೋಕಿಯೊಗೆ ಬಂದ. 1594ರಲ್ಲಿ ಒಂದು ಕವಲಿಗೆ ಒಡ್ಡು ಬಿತ್ತು. ಅಲ್ಲಿಂದ ಇನಾ ಮನೆತನದ ಅಧಿಕಾರಿಗಳು ತಲೆಮಾರುಗಟ್ಟಲೆ ಅಗೆಸಿ, ಕಟ್ಟಿಸಿ, 1654ರ ಹೊತ್ತಿಗೆ ನೀರನ್ನು ಪೂರ್ವಕ್ಕೆ, ಪೆಸಿಫಿಕ್ ಕರಾವಳಿಯ ಚೋಶಿಯ ಕಡೆಗೆ ತಿರುಗಿಸಿದರು. ಹೊಸ ಗದ್ದೆಗೋ, ಪ್ರವಾಹ ತಪ್ಪಿಸಲಿಕ್ಕೋ, ಅಕ್ಕಿ ದೋಣಿಗಳಿಗೋ ಅನ್ನುವ ವಾದ ಇನ್ನೂ ಮುಗಿದಿಲ್ಲ. ಏರಿಯ ಮೇಲಿಂದ ನೋಡಿದರೆ ದೋಣಿಯೇ ಮುಖ್ಯ ಕಾರಣವಿರಬೇಕು ಅಂತ ನನಗನಿಸುತ್ತದೆ.

ಸಂಜೆ ಮೇಲಕ್ಕೆ, ಕಾಜೋ ಊರಿನ ಕ್ಯಾಥ್ಲೀನ್ ಪಾರ್ಕಿಗೆ ಹೋದೆ. 1947ರ ಸೆಪ್ಟೆಂಬರ್ 16ರಂದು, ಮಧ್ಯರಾತ್ರಿ ಕಳೆದ ಸ್ವಲ್ಪ ಹೊತ್ತಿಗೆ, ಕ್ಯಾಥ್ಲೀನ್ ಚಂಡಮಾರುತದ ಮಳೆಗೆ ಏರಿ ಒಡೆದದ್ದು ಇಲ್ಲೇ. ಕೆಳಮುಖವಾಗಿ ನಿಂತರೆ ಎಡಕ್ಕೆ ನದಿ. ಬಲಕ್ಕೆ ಮನೆಗಳ ಸೂರು ಹೆಚ್ಚುಕಡಿಮೆ ನನ್ನ ಕಾಲಿನ ಮಟ್ಟಕ್ಕಿದೆ. ಒಂದು ಅಂಗಳದಲ್ಲಿ ಅಜ್ಜಿಯೊಬ್ಬರು ಮೂಲಂಗಿ ಒಣಹಾಕುತ್ತಿದ್ದರು. ಅವರು ನನ್ನತ್ತ ನೋಡಲು ತಲೆ ಪೂರ್ತಿ ಹಿಂದಕ್ಕೆ ಎತ್ತಬೇಕಾಯಿತು. ಅಂದು ನುಗ್ಗಿದ ನೀರು ಹಳೇ ತೋನೆಯ ಪಾತ್ರವನ್ನೇ ಹಿಡಿದು, ನಾಲ್ಕೈದು ದಿನದಲ್ಲಿ ನಮ್ಮ ಎದೊಗವಾ ವಾರ್ಡ್ ಮುಟ್ಟಿತ್ತು. ನಾನು ಬೆಳಗಿನಿಂದ ತುಳಿದು ಬಂದ ದೂರ.

ಮರುದಿನ ತೋನೆಯ ಜೊತೆಗೇ ಚೋಶಿಯತ್ತ ಹೊರಟೆ. ಬಲಕ್ಕೆ ಒಡೆಯುವ ಎದೊ ಕವಲನ್ನು ಸುತ್ತುವುದು ಯಾಕೆಂದು ಎಡದಂಡೆ ಹಿಡಿದೆ. ಯಾರೂ ಹೀಗೆ ಮಾಡಬೇಡಿ. ಕಿನು ನದಿ ಬಂದು ಸೇರುವಲ್ಲಿ ದಾರಿಯೇ ಇಲ್ಲ. ಎದುರು ದಡ ಕಾಣುತ್ತದೆ, ಸೇತುವೆ ಮಾತ್ರ ದೂರ ಮೇಲೆ. ಒಂದು ಗಂಟೆ ಹೋಯಿತು. ಮುಂದೆ ಕೊಕಾಯ್ ನದಿ ಸೇರುವುದೂ ಎಡಕ್ಕೇ ಅಂತ ಗೊತ್ತಾದ ಮೇಲೆ ಮೊದಲು ಸಿಕ್ಕ ಸೇತುವೆಯಲ್ಲೇ ಬಲದಂಡೆಗೆ ದಾಟಿಕೊಂಡೆ. ಆಮೇಲೆ ಗಾಳಿ ಬೆನ್ನಿಗೆ ಬಿತ್ತು, ಪೆಡಲ್ ತುಳಿಯುವ ಕೆಲಸವೇ ಇಲ್ಲ.

ಸವಾರಾದಲ್ಲಿ ಅರ್ಧ ಗಂಟೆ ನಿಂತೆ. ಅಕ್ಕಿ ಮತ್ತು ಸಾಕೆ ಎಂಬ ಅಕ್ಕಿ ಮದ್ಯದ ದೋಣಿಗಳಿಂದ ಬೆಳೆದ ಊರು. ವ್ಯಾಪಾರ ಮಗನಿಗೆ ಬಿಟ್ಟು, 1800ರಲ್ಲಿ, 55ರ ವಯಸ್ಸಿನಲ್ಲಿ ಜಪಾನನ್ನು ನಡೆದೇ ಅಳೆಯಲು ಹೊರಟ ಇನೋ ತದತಕಾನ ಮನೆ ಇಲ್ಲಿನ ಕಾಲುವೆ ಪಕ್ಕದಲ್ಲಿದೆ. ಅದನ್ನು ನೋಡಿದ ಮೇಲೆ ನನ್ನ ಮೊಣಕಾಲಿನ ದೂರು ನಾನೇ ವಾಪಸ್ ತೆಗೆದುಕೊಂಡೆ.

ಚೋಶಿ ಮುಟ್ಟಿದಾಗ ಕತ್ತಲು. ಕಡಲೊಳಗೆ ಹೋಗುವ ನದಿ ಕಾಣಲಿಲ್ಲ, ಅಲೆಯ ಸದ್ದು ಮಾತ್ರ. ಇಲ್ಲೂ ಸೋಯಾ ಸಾಸ್ ವಾಸನೆ. ರೈಲಿನಲ್ಲಿ ಸೈಕಲ್ ಒಯ್ಯಬೇಕಾದರೆ ಚಕ್ರ ಬಿಚ್ಚಿ ಚೀಲಕ್ಕೆ ಹಾಕಬೇಕು. ಮರಗಟ್ಟಿದ ಬೆರಳಲ್ಲಿ ಇಪ್ಪತ್ತು ನಿಮಿಷ ಗುದ್ದಾಡಿ ತುಂಬಿಸಿದೆ. ಹ್ಯಾಂಡಲ್ ತುದಿ ನಾಲ್ಕು ಬೆರಳಷ್ಟು ಹೊರಗೆ ಇಣುಕುತ್ತಿತ್ತು. ಸ್ಟೇಷನ್ನಿನವರು ಬಂದು ತಲೆಬಾಗಿ, "ದಯವಿಟ್ಟು ಪೂರ್ತಿ ಒಳಗೆ" ಅಂದರು. ಮತ್ತೆ ಬಿಚ್ಚಿದೆ.